30 ಲಕ್ಷ ಗೃಹಸಾಲ: 20 ವರ್ಷವೋ 30 ವರ್ಷವೋ? ಕೊನೆಗೆ ಮನೆಗೆ ಒಟ್ಟು ಎಷ್ಟು ಬೀಳುತ್ತೆ, ಗೊತ್ತಿದ್ದವರು ಹೇಳಿ

ನಿಟ್ಟುವಳ್ಳಿ ನಿವಾಸಿ

ಎಲ್ಲರಿಗೂ ನಮಸ್ಕಾರ. ನಾನು, ನನ್ನ ಹೆಂಡತಿ ಇಬ್ಬರೂ ದಾವಣಗೆರೆಯಲ್ಲೇ ಕೆಲಸದಲ್ಲಿದ್ದೇವೆ. ನನಗೆ 29, ಅವಳಿಗೆ 27. ಶಾಮನೂರು ಕಡೆ 30×40 ಸೈಟಿನಲ್ಲಿ ಕಟ್ಟಿರುವ ಒಂದು ಮನೆ ನೋಡಿದ್ದೇವೆ. ಬೆಲೆ 38 ಲಕ್ಷ. ಬಡಾವಣೆಗೆ ದೂಡಾ (ನಗರಾಭಿವೃದ್ಧಿ ಪ್ರಾಧಿಕಾರ) ಅನುಮೋದನೆ ಇದೆ, ಇ-ಖಾತಾ ಇದೆ. ನಮ್ಮ ಉಳಿತಾಯ, ಅವಳ ತಂದೆ ಕೊಡುವ ಸ್ವಲ್ಪ ಹಣ ಸೇರಿಸಿದರೆ 30 ಲಕ್ಷ ಸಾಲ ಬೇಕಾಗುತ್ತೆ.

ಬ್ಯಾಂಕಿನಲ್ಲಿ 8.5% ಹೇಳಿದ್ದಾರೆ. 20 ವರ್ಷಕ್ಕೆ ಹಾಕಿದರೆ ಇಎಂಐ (ತಿಂಗಳ ಕಂತು) 26,035. 30 ವರ್ಷಕ್ಕೆ ಹಾಕಿದರೆ 23,067. ಅಲ್ಲಿನವರು 30 ವರ್ಷವೇ ಹಾಕಿಸಿ, ತಿಂಗಳಿಗೆ ಮೂರು ಸಾವಿರ ಉಳಿಯುತ್ತಲ್ಲ ಅಂತಾರೆ. ಅಪ್ಪ ಮಾತ್ರ ಸಾಲ ಬೇಗ ತೀರಬೇಕು ಅನ್ನುತ್ತಾರೆ. ಈಗ 11 ಸಾವಿರ ಬಾಡಿಗೆ ಕೊಡುತ್ತಿದ್ದೇವೆ. ಇಎಂಐ ಕಟ್ಟೋದು ನಮಗೆ ಕಷ್ಟ ಇಲ್ಲ. ಆದರೆ ಈ ಮನೆ ನಮಗೆ ನಿಜವಾಗಿ ಎಷ್ಟಕ್ಕೆ ಬೀಳುತ್ತೆ ಅನ್ನೋದನ್ನ ಯಾರೂ ಒಂದೇ ಕಡೆ ಕೂತು ಹೇಳ್ತಿಲ್ಲ. ತಿಳಿದವರು ದಯವಿಟ್ಟು ಹೇಳಿ.

ಲೆಕ್ಕದ ಟೀಚರ್

ನಮ್ಮ ಕಡೆ ಬಡ್ಡಿ ಅಂದ್ರೆ ನೂರಕ್ಕೆ ತಿಂಗಳಿಗೆ ಒಂದು ರೂಪಾಯಿ, ಎರಡು ರೂಪಾಯಿ ಅಂತಲೇ ಮಾತು. ಆ ಲೆಕ್ಕದಲ್ಲಿ ನೋಡಿದರೆ 8.5% ಅಂದರೆ ನೂರಕ್ಕೆ ತಿಂಗಳಿಗೆ ಸುಮಾರು 71 ಪೈಸೆ. ಒಂದು ರೂಪಾಯಿಗಿಂತಲೂ ಕಡಿಮೆ! ಅದಕ್ಕೇ ಗೃಹಸಾಲದ ಬಡ್ಡಿ ಯಾರಿಗೂ ಭಾರ ಅನಿಸೋದಿಲ್ಲ. ಇಲ್ಲಿ ಭಾರ ಬರೋದು ದರದಿಂದಲ್ಲ, ವರ್ಷಗಳಿಂದ.

ನಿಮ್ಮ ಅಂಕಿ ಇಟ್ಟುಕೊಂಡೇ ನೋಡೋಣ. 20 ವರ್ಷಕ್ಕೆ 240 ಕಂತು. ಒಟ್ಟು ಕಟ್ಟುವುದು 62.48 ಲಕ್ಷ. ಅಂದರೆ ಬಡ್ಡಿಯೇ 32.48 ಲಕ್ಷ. 30 ವರ್ಷಕ್ಕೆ 360 ಕಂತು. ಒಟ್ಟು 83.04 ಲಕ್ಷ, ಬಡ್ಡಿ 53.04 ಲಕ್ಷ. ತಿಂಗಳಿಗೆ 2,968 ರೂಪಾಯಿ ಉಳಿಸಲು ಹೋಗಿ ಕೊನೆಗೆ 20 ಲಕ್ಷಕ್ಕಿಂತ ಜಾಸ್ತಿ ಕೊಡಬೇಕಾಗುತ್ತೆ. ಅದೇ ಸಾಲ 15 ವರ್ಷಕ್ಕಾದರೆ ಇಎಂಐ 29,542, ಬಡ್ಡಿ 23.18 ಲಕ್ಷ.

ಈಗ ಮೊದಲ ಕಂತನ್ನು ಬಿಡಿಸಿ ನೋಡಿ. 20 ವರ್ಷದ ಸಾಲದಲ್ಲಿ ನೀವು ಕಟ್ಟುವ 26,035ರಲ್ಲಿ 21,250 ಬಡ್ಡಿಗೇ ಹೋಗುತ್ತೆ. ಅಸಲಿಗೆ ಹೋಗುವುದು 4,785 ಮಾತ್ರ. ಐದು ವರ್ಷ ಒಂದು ಕಂತೂ ತಪ್ಪದೆ ಕಟ್ಟಿದ ಮೇಲೆ ನೀವು ಕೊಟ್ಟದ್ದು 15.62 ಲಕ್ಷ. ಬಾಕಿ ಇರೋದು 26.44 ಲಕ್ಷ! ಅಸಲಲ್ಲಿ ಇಳಿದದ್ದು ಬರೀ ಮೂರೂವರೆ ಲಕ್ಷ ಚಿಲ್ಲರೆ. ಇದರಲ್ಲಿ ಮೋಸ ಏನೂ ಇಲ್ಲ. ಉಳಿದ ಅಸಲಿನ ಮೇಲೆ ಬಡ್ಡಿ, ಅಷ್ಟೇ ಲೆಕ್ಕ. ಮೊದಲು ಅಸಲು ದೊಡ್ಡದಿರುತ್ತೆ, ಬಡ್ಡಿಯೂ ದೊಡ್ಡದು. ಆದರೆ ಸಹಿ ಹಾಕುವ ಮುಂಚೆ ಈ ಅಂಕಿ ಕಣ್ಣಿಗೆ ಬೀಳಲೇಬೇಕು ಅನ್ನೋದು ನನ್ನ ಆಸೆ. ಬ್ಯಾಂಕಿನಲ್ಲಿ ಪೂರ್ತಿ 240 ತಿಂಗಳ ಪಟ್ಟಿ ಕೇಳಿ ಪ್ರಿಂಟ್ ತಗೊಳ್ಳಿ. ಗಂಡ ಹೆಂಡತಿ ಇಬ್ಬರೂ ಕೂತು ಒಂದೊಂದು ಸಾಲೂ ಓದಿ.

ಹರಿಹರದವಳು

ಟೀಚರ್ ಹೇಳಿದ್ದು ಸರಿ. ಇನ್ನೊಂದು ಮಾತು. ನಮ್ಮವರು ಬಾಡಿಗೆ ಅಂದ್ರೆ ದಂಡ, ಇಎಂಐ ಅಂದ್ರೆ ಆಸ್ತಿ ಅಂತಾರೆ. ನಿಮ್ಮ ವಿಷಯದಲ್ಲಿ ಮೊದಲ ತಿಂಗಳ ಬಡ್ಡಿಯೇ ಬಾಡಿಗೆಯ ಹತ್ತಿರ ಹತ್ತಿರ ಎರಡರಷ್ಟು. 11 ಸಾವಿರ ಬಾಡಿಗೆ ವರ್ಷಕ್ಕೆ 5% ಏರುತ್ತಾ ಹೋದರೂ 26 ಸಾವಿರ ಮುಟ್ಟಲು ಸುಮಾರು 18 ವರ್ಷ ಬೇಕು. ಮನೆ ತಗೋಬೇಡಿ ಅಂತ ಹೇಳ್ತಿಲ್ಲ. ಸ್ವಂತ ಮನೆಯಲ್ಲಿ ಯಾರೂ ಖಾಲಿ ಮಾಡಿ ಅನ್ನೋದಿಲ್ಲ, ಅದಕ್ಕೂ ಬೆಲೆ ಇದೆ. ಆದರೆ ಹೇಗಿದ್ರೂ ಬಾಡಿಗೆ ಕೊಡ್ತೀವಲ್ಲ, ಅದನ್ನೇ ಇಎಂಐಗೆ ಕಟ್ಟೋಣ ಅನ್ನೋ ಲೆಕ್ಕ ನಮ್ಮ ಊರುಗಳಲ್ಲಿ ಕೂಡಿ ಬರೋದಿಲ್ಲ. ಬಾಡಿಗೆ ಇಲ್ಲಿ ಇನ್ನೂ ಅಷ್ಟು ಏರಿಲ್ಲ.

ನಿವೃತ್ತ ಬ್ಯಾಂಕ್ ನೌಕರ

ನಾನು ಸಾಲ ವಿಭಾಗದಲ್ಲಿ ಬಹಳ ವರ್ಷ ಕೂತವನು. ಟೀಚರಮ್ಮ ಕೊಟ್ಟ ಲೆಕ್ಕ ನೂರಕ್ಕೆ ನೂರು ಸರಿ. ಆದರೆ ಅದು 8.5% ಅನ್ನೋದು 20 ವರ್ಷ ಹಾಗೇ ನಿಂತರೆ. ನಿಲ್ಲೋದಿಲ್ಲ.

2019ರ ಅಕ್ಟೋಬರ್ 1ರಿಂದ ಬ್ಯಾಂಕುಗಳು ಕೊಡುವ ಹೊಸ ಫ್ಲೋಟಿಂಗ್ (ದರ ಏರಿಳಿಯುವ) ಗೃಹಸಾಲಗಳು ಹೊರಗಿನ ಒಂದು ಮಾನದಂಡಕ್ಕೆ ಜೋಡಣೆ ಆಗಿರಬೇಕು. ಹೆಚ್ಚಿನ ಬ್ಯಾಂಕುಗಳು ರೆಪೋ ದರಕ್ಕೆ, ಅಂದರೆ ರಿಸರ್ವ್ ಬ್ಯಾಂಕ್ ಬ್ಯಾಂಕುಗಳಿಗೆ ಸಾಲ ಕೊಡುವ ದರಕ್ಕೆ, ಜೋಡಿಸಿವೆ. ರೆಪೋ 2022ರ ಮೇ ಶುರುವಿನಲ್ಲಿ 4% ಇತ್ತು. 2023ರ ಫೆಬ್ರವರಿ ಹೊತ್ತಿಗೆ 6.5% ಆಯಿತು. ಒಂದು ವರ್ಷವೂ ತುಂಬಿರಲಿಲ್ಲ, ಎರಡೂವರೆ ಶೇಕಡಾ ಏರಿತ್ತು. 6.75%ಗೆ 30 ಲಕ್ಷ ತಗೊಂಡವರ ಇಎಂಐ 22,811 ಇತ್ತು ಅಂತಿಟ್ಟುಕೊಳ್ಳಿ. ಬಾಕಿ ಸುಮಾರು 28.9 ಲಕ್ಷ ಇದ್ದಾಗ ದರ 9.25% ಆದರೆ ತಿಂಗಳ ಬಡ್ಡಿಯೇ 22,200 ದಾಟುತ್ತೆ. ಕಂತನ್ನು ಹಾಗೇ ಬಿಟ್ಟು ಅವಧಿ ಮಾತ್ರ ಎಳೆದರೆ ಸಾಲ ತೀರಲು ಇನ್ನೂ 40 ವರ್ಷ ಬೇಕು. ಕಂತು ಬದಲಾಗಿಲ್ಲವಲ್ಲ ಅಂತ ಎಷ್ಟೋ ಜನ ನೆಮ್ಮದಿಯಾಗಿ ಇದ್ದರು. ಒಳಗೆ ಅವಧಿ ಬೆಳೆಯುತ್ತಾ ಹೋಗಿತ್ತು.

ಇದಕ್ಕೇ 2023ರ ಆಗಸ್ಟ್‌ನಲ್ಲಿ ರಿಸರ್ವ್ ಬ್ಯಾಂಕ್ ಒಂದು ಸೂಚನೆ ಹೊರಡಿಸಿತು. ದರ ಬದಲಾದಾಗ ಕಂತು ಏರಿಸಬೇಕೋ, ಅವಧಿ ಏರಿಸಬೇಕೋ, ಎರಡೂ ಸ್ವಲ್ಪ ಸ್ವಲ್ಪವೋ ಅಂತ ಆಯ್ಕೆ ಮಾಡುವ ಹಕ್ಕು ಸಾಲಗಾರನದು. ಕಂತು ಬಡ್ಡಿಗೂ ಸಾಲದಂಥ ಸ್ಥಿತಿಗೆ ಅವಧಿಯನ್ನು ಎಳೆಯಬಾರದು. ಮೂರು ತಿಂಗಳಿಗೊಮ್ಮೆ ಒಂದು ಸ್ಟೇಟ್‌ಮೆಂಟ್ ಕೊಡಬೇಕು. ಅದರಲ್ಲಿ ಇದುವರೆಗೆ ವಸೂಲಾದ ಅಸಲು ಎಷ್ಟು, ಬಡ್ಡಿ ಎಷ್ಟು, ಇನ್ನೆಷ್ಟು ಕಂತು ಬಾಕಿ ಅನ್ನೋದು ಇರುತ್ತೆ. ಮೊಬೈಲಿಗೆ ಬಂದದ್ದನ್ನು ಸುಮ್ನೆ ಅಳಿಸಬೇಡಿ. ಬಾಕಿ ಕಂತುಗಳ ಸಂಖ್ಯೆ ನೋಡಿ. ಹಿಂದಿನ ಸಲಕ್ಕಿಂತ ಮೂರು ಕಡಿಮೆ ಆಗಿರಬೇಕು. ಆಗಿಲ್ಲ ಅಂದರೆ ಅವತ್ತೇ ಶಾಖೆಗೆ ಹೋಗಿ.

ದರ ಇಳಿಯುವಾಗಲೂ ಎಚ್ಚರ ಬೇಕು. 2025ರ ಫೆಬ್ರವರಿಯಿಂದ ಜೂನ್ ಒಳಗೆ ರೆಪೋ ಮೂರು ಸಲ ಸೇರಿ 1% ಇಳಿಯಿತು. ಇಂಥ ಹೊತ್ತಲ್ಲಿ ಕಂತು ಕಡಿಮೆ ಮಾಡಿಸಿಕೊಳ್ಳಬೇಡಿ. ನಿಮ್ಮ 26,035 ಹಾಗೇ ಕಟ್ಟುತ್ತಾ ದರ 7.5% ಆದರೆ 20 ವರ್ಷದ ಸಾಲ ಸುಮಾರು 17 ವರ್ಷಕ್ಕೇ ತೀರುತ್ತೆ.

ನಿಟ್ಟುವಳ್ಳಿ ನಿವಾಸಿ

ಸರ್, ಟೀಚರ್, ತುಂಬಾ ಉಪಕಾರ. 53 ಲಕ್ಷ ಬಡ್ಡಿ ಅಂತ ಓದಿ ಹೆಂಡತಿಗೆ ತೋರಿಸಿದೆ, ಇಬ್ಬರೂ ಸ್ವಲ್ಪ ಹೊತ್ತು ಮಾತಾಡಲಿಲ್ಲ. ಎರಡು ಪ್ರಶ್ನೆ ಇದೆ. ಒಂದು, 30 ವರ್ಷಕ್ಕೆ ಹಾಕಿಸಿ ನಡುವೆ ಕೈಯಲ್ಲಿ ದುಡ್ಡಿದ್ದಾಗ ಜಾಸ್ತಿ ಕಟ್ಟಿದರೆ ಆಗಲ್ವಾ? ಆಫೀಸಿನಲ್ಲಿ ಎಲ್ಲರೂ ಹಾಗೇ ಹೇಳ್ತಾರೆ. ಎರಡು, ಬ್ಯಾಂಕಿನಲ್ಲಿ ಸಾಲದ ಜೊತೆ ವಿಮೆ ತಗೊಳ್ಳಲೇಬೇಕು ಅಂದರು. ಪ್ರೀಮಿಯಂ ಒಂದು ಲಕ್ಷದ ಹತ್ತಿರ, ಅದನ್ನೂ ಸಾಲಕ್ಕೇ ಸೇರಿಸುತ್ತಾರಂತೆ.

ನಿವೃತ್ತ ಬ್ಯಾಂಕ್ ನೌಕರ

ಎರಡನೆಯದಕ್ಕೆ ಮೊದಲು ಹೇಳುತ್ತೇನೆ, ಅದರಲ್ಲಿ ಅರ್ಜೆಂಟ್ ಇದೆ. ಅವರು ಹೇಳುವ ವಿಮೆಯನ್ನೇ ತಗೊಂಡರೆ ಮಾತ್ರ ಸಾಲ ಅನ್ನೋ ಕಡ್ಡಾಯ ಇಲ್ಲ. ವಿಮೆ ಬೇಕು, ಖಂಡಿತ ಬೇಕು. ನಾಳೆ ನಿಮಗೇನಾದರೂ ಆದರೆ ಸಾಲದ ಭಾರ ಆ ಹುಡುಗಿಯ ತಲೆಗೆ ಬರಬಾರದು. ಆದರೆ 29 ವರ್ಷದ ಆರೋಗ್ಯವಂತ ಹುಡುಗ ಬೇರೆಯಾಗಿ ಒಂದು ಟರ್ಮ್ ಪಾಲಿಸಿ (ಅವಧಿಯೊಳಗೆ ತೀರಿಕೊಂಡರೆ ಮಾತ್ರ ಹಣ ಕೊಡುವ ಜೀವವಿಮೆ) ಮಾಡಿಸಿದರೆ ವರ್ಷ ವರ್ಷ ಕಟ್ಟಿಕೊಂಡು ಹೋಗಬಹುದು. ಸಾಲ ಬೇರೆ ಬ್ಯಾಂಕಿಗೆ ಹೋದರೂ ಅದು ನಿಮ್ಮ ಜೊತೆಗೇ ಇರುತ್ತೆ. ಒಂದು ಲಕ್ಷ ಪ್ರೀಮಿಯಂ ಸಾಲಕ್ಕೆ ಸೇರಿದರೆ 20 ವರ್ಷದಲ್ಲಿ ನೀವು ಅದಕ್ಕೆ ಕಟ್ಟುವುದು 2.08 ಲಕ್ಷ.

ಸಾಲ ಮಂಜೂರಾಗುವ ಮುಂಚೆ ಕೀ ಫ್ಯಾಕ್ಟ್ಸ್ ಸ್ಟೇಟ್‌ಮೆಂಟ್ ಅನ್ನೋ ಹಾಳೆ ಕೇಳಿ ಪಡೆಯಿರಿ. 2024ರ ಅಕ್ಟೋಬರ್ 1ರಿಂದ ಹೊಸ ಗೃಹಸಾಲಕ್ಕೂ ಅದನ್ನು ಕೊಡಲೇಬೇಕು. ಅದರಲ್ಲಿ ಎಪಿಆರ್ ಅಂತ ಒಂದು ಅಂಕಿ ಇರುತ್ತೆ. ಬಡ್ಡಿ ಮಾತ್ರವಲ್ಲ, ಪ್ರೊಸೆಸಿಂಗ್ ಶುಲ್ಕ, ಬ್ಯಾಂಕಿನ ಮೂಲಕ ವಸೂಲಾಗುವ ವಿಮೆ, ಕಾನೂನು ಶುಲ್ಕ ಎಲ್ಲ ಸೇರಿದ ವಾರ್ಷಿಕ ದರ ಅದು. ಎರಡು ಬ್ಯಾಂಕನ್ನು ಹೋಲಿಸುವಾಗ ಗೋಡೆಯ ಪೋಸ್ಟರಿನ ದರ ಬಿಡಿ, ಈ ಅಂಕಿ ಹಿಡಿದು ಹೋಲಿಸಿ.

ಲೆಕ್ಕದ ಟೀಚರ್

ಮೊದಲ ಪ್ರಶ್ನೆಗೆ ನಾನು ಹೇಳ್ತೀನಿ. ಲೆಕ್ಕದ ಪ್ರಕಾರ ಆಗುತ್ತೆ. 30 ವರ್ಷದ ಸಾಲಕ್ಕೆ 23,067 ಜೊತೆ ಪ್ರತಿ ತಿಂಗಳೂ 2,968 ಜಾಸ್ತಿ ಕಟ್ಟಿದರೆ ಅದೂ 20 ವರ್ಷಕ್ಕೇ ತೀರುತ್ತೆ. ಒಂದು ರೂಪಾಯಿ ವ್ಯತ್ಯಾಸ ಬರಲ್ಲ. ಕೆಲಸಕ್ಕೆ ತೊಂದರೆ ಬಂದ ತಿಂಗಳು ಮೂರು ಸಾವಿರ ಬಿಡುವ ಅವಕಾಶವೂ ಸಿಗುತ್ತೆ. ಖಾಸಗಿ ಕೆಲಸದವರಿಗೆ ಅದು ಸಣ್ಣ ವಿಷಯ ಅಲ್ಲ.

ಆದರೆ ಆ 2,968 ತಾನಾಗಿ ಕಟ್ ಆಗಬೇಕು. ಸಂಬಳ ಬಂದ ಮರುದಿನವೇ ಸಾಲದ ಖಾತೆಗೆ ಹೋಗುವ ಹಾಗೆ ಸ್ಟ್ಯಾಂಡಿಂಗ್ ಇನ್‌ಸ್ಟ್ರಕ್ಷನ್ ಕೊಟ್ಟುಬಿಡಿ. ಕೈಯಲ್ಲಿ ಇದ್ದಾಗ ಕಟ್ಟೋಣ ಅಂದರೆ ಹಬ್ಬ, ಮದುವೆ, ಮಗುವಿನ ಶಾಲೆ ಫೀಸು, ಯಾವುದೋ ಒಂದು ಅದನ್ನು ತಗೊಂಡು ಹೋಗುತ್ತೆ. ಹೆಚ್ಚುವರಿ ಕಟ್ಟಿದ ಮೇಲೆ ಬ್ಯಾಂಕು ಅವಧಿ ಇಳಿಸಿದೆಯಾ, ಕಂತು ಇಳಿಸಿದೆಯಾ ಅಂತಲೂ ನೋಡಿ. ನಿಮಗೆ ಬೇಕಾದ್ದು ಅವಧಿ ಇಳಿಯೋದು. ಬರವಣಿಗೆಯಲ್ಲಿ ಕೊಡಿ.

20 ವರ್ಷದ ಸಾಲದಲ್ಲೇ ಇನ್ನೊಂದು ಲೆಕ್ಕ. ವರ್ಷಕ್ಕೆ ಒಂದೇ ಒಂದು ಕಂತು ಜಾಸ್ತಿ ಕಟ್ಟಿದರೆ, ಬೋನಸ್ ಬಂದಾಗ ಅಂತ ಇಟ್ಟುಕೊಳ್ಳಿ, ಸಾಲ 16 ವರ್ಷ 8-9 ತಿಂಗಳಿಗೆ ಮುಗಿಯುತ್ತೆ. ಬಡ್ಡಿಯಲ್ಲಿ 6 ಲಕ್ಷ ಉಳಿಯುತ್ತೆ. ಸಂಬಳ ಏರಿದ ಹಾಗೆ ಕಂತನ್ನೇ ವರ್ಷಕ್ಕೆ 5% ಏರಿಸುತ್ತಾ ಹೋದರೆ 12 ವರ್ಷ ಚಿಲ್ಲರೆಗೆ ತೀರುತ್ತೆ. ನೀವಿಬ್ಬರೂ ದುಡಿಯುವವರು, ವಯಸ್ಸಿದೆ. ನನ್ನನ್ನು ಕೇಳಿದರೆ ಈ ಕೊನೆಯ ದಾರಿಯೇ ಎಲ್ಲಕ್ಕಿಂತ ಒಳ್ಳೆಯದು.

ಚನ್ನಗಿರಿ ತೋಟದವ

ನಮ್ಮಂಥವರಿಗೆ ತಿಂಗಳ ಸಂಬಳ ಇಲ್ಲ. ಅಡಿಕೆ ಕೊಯ್ಲು ಮುಗಿದು ಮಾರಿದಾಗ ದುಡ್ಡು ಒಟ್ಟಿಗೆ ಬರುತ್ತೆ. ದಾವಣಗೆರೆಯಲ್ಲಿ ಮಕ್ಕಳ ಓದಿಗೆ ಅಂತ ಮನೆ ತಗೊಂಡವರು ನಮ್ಮ ಕಡೆ ಬೇಕಾದಷ್ಟು ಜನ ಇದ್ದಾರೆ. ನಾನೂ ಒಬ್ಬ. ನಾನು ಮಾಡೋದು ಇಷ್ಟೇ. ಕಂತು ಸಣ್ಣದಾಗಿ ಇಟ್ಟುಕೊಂಡಿದ್ದೇನೆ. ಅಡಿಕೆ ದುಡ್ಡು ಬಂದ ಕೂಡಲೇ ಗೊಬ್ಬರ, ಕೂಲಿ, ಮನೆ ಖರ್ಚು ತೆಗೆದಿಟ್ಟು ಉಳಿದದ್ದರಲ್ಲಿ ಒಂದು ಪಾಲು ನೇರ ಅಸಲಿಗೆ ಕಟ್ಟುತ್ತೇನೆ. ದರ ಚೆನ್ನಾಗಿದ್ದ ವರ್ಷ ಜಾಸ್ತಿ, ರೋಗ ಬಂದ ವರ್ಷ ಕಡಿಮೆ.

ಟೀಚರ್ ಒಂದು ಕೇಳಬೇಕಿತ್ತು. ನಮ್ಮೂರಲ್ಲಿ ಒಬ್ಬರು, ಮೊದಲ ವರ್ಷಗಳಲ್ಲೇ ಕಟ್ಟಬೇಕು, ಆಮೇಲೆ ಕಟ್ಟಿ ಪ್ರಯೋಜನ ಇಲ್ಲ ಅಂತಾರೆ. ಅಷ್ಟೊಂದು ವ್ಯತ್ಯಾಸ ಇರುತ್ತಾ?

ಲೆಕ್ಕದ ಟೀಚರ್

ಇರುತ್ತೆ ಅಣ್ಣ. ಅದೇ 30 ಲಕ್ಷ, 20 ವರ್ಷ, 8.5%. ಶುರುವಿನಲ್ಲೇ 1 ಲಕ್ಷ ಅಸಲಿಗೆ ಕಟ್ಟಿದರೆ 19-20 ಕಂತು ಕಡಿಮೆ ಆಗಿ ಬಡ್ಡಿ 4 ಲಕ್ಷದಷ್ಟು ಉಳಿಯುತ್ತೆ. ಅದೇ 1 ಲಕ್ಷವನ್ನು 15 ವರ್ಷ ಕಳೆದ ಮೇಲೆ ಕಟ್ಟಿದರೆ ಉಳಿಯೋದು 50 ಸಾವಿರ. ಪ್ರಯೋಜನ ಇಲ್ಲವೇ ಇಲ್ಲ ಅನ್ನೋದು ತಪ್ಪು. ಆದರೆ ಗಿಡ ಚಿಕ್ಕದಿದ್ದಾಗ ಕೊಟ್ಟ ನೀರಿನ ಹಾಗೆ, ಮೊದಲು ಕೊಟ್ಟದ್ದೇ ಹೆಚ್ಚು ಕೆಲಸ ಮಾಡುತ್ತೆ. ವೈಯಕ್ತಿಕ ಫ್ಲೋಟಿಂಗ್ ಗೃಹಸಾಲವನ್ನು ಅವಧಿಗೆ ಮುಂಚೆ ಕಟ್ಟಿದರೆ ಬ್ಯಾಂಕುಗಳು ದಂಡ ಹಾಕುವ ಹಾಗಿಲ್ಲ. 2012ರಿಂದ ಆ ನಿಯಮ ಇದೆ. ಫಿಕ್ಸೆಡ್ ದರದ ಸಾಲ ಆದರೆ ಮಾತ್ರ ಕರಾರು ಓದಿ ನೋಡಿ.

ಒಂದು ಮಾತು, ಕೈಯಲ್ಲಿರೋದೆಲ್ಲ ಸಾಲಕ್ಕೆ ಸುರಿಯಬೇಡಿ. ಆರು ತಿಂಗಳ ಖರ್ಚು ಬೇರೆ ಇರಲಿ. ಮನೆಗೆ ಕಟ್ಟಿದ ದುಡ್ಡು ಆಸ್ಪತ್ರೆಗೆ ಬೇಕಾದಾಗ ವಾಪಸ್ ಬರೋದಿಲ್ಲ. ಆಗ ಎರಡು ರೂಪಾಯಿ ಬಡ್ಡಿಗೆ ಕೈಗಡ ತರಬೇಕಾಗುತ್ತೆ, ಅದು ವರ್ಷಕ್ಕೆ 24%.

ದುರ್ಗದ ಕೋಟೆ

ಚಿತ್ರದುರ್ಗದಿಂದ ನಮಸ್ಕಾರ. ನಿಟ್ಟುವಳ್ಳಿ ಅವರೇ, ನಿಮ್ಮ ಮನೆಗೆ ಕಾಗದ ಸರಿ ಇದೆ, ಅದು ದೊಡ್ಡ ಪುಣ್ಯ. ನಮ್ಮ ಕಡೆ ಕಂದಾಯ ಜಾಗದಲ್ಲಿ ಎದ್ದ ಬಡಾವಣೆಗಳಲ್ಲಿ ಸೈಟು ಅಗ್ಗ ಅಂತ ತಗೊಂಡವರು ಸಾಲಕ್ಕೆ ಹೋದಾಗ ಕಷ್ಟ ಗೊತ್ತಾಗುತ್ತೆ. ಬಿ-ಖಾತಾ (ಅನುಮೋದನೆ ಇಲ್ಲದ ಆಸ್ತಿಗೆ ಕೊಡುವ ಖಾತಾ) ಅಂದರೆ ಎಷ್ಟೋ ಬ್ಯಾಂಕುಗಳು ಹಿಂದೇಟು ಹಾಕುತ್ತವೆ. ಆಗ ಫೈನಾನ್ಸ್ ಕಂಪನಿಗಳ ಬಾಗಿಲು. ಅಲ್ಲಿ 11% ಆಯಿತು ಅಂದುಕೊಳ್ಳಿ. 30 ಲಕ್ಷಕ್ಕೆ 20 ವರ್ಷ, ಇಎಂಐ 30,966, ಬಡ್ಡಿ 44.32 ಲಕ್ಷ. ನಿಮಗಿಂತ 12 ಲಕ್ಷದ ಹತ್ತಿರ ಜಾಸ್ತಿ. ಸೈಟಿನಲ್ಲಿ ಉಳಿಸಿದ ಎರಡು ಮೂರು ಲಕ್ಷ ಎಲ್ಲಿಗೆ ಹೋಯಿತು ನೋಡಿ. ಹೌಸಿಂಗ್ ಫೈನಾನ್ಸ್ ಕಂಪನಿಗಳಿಗೆ ರೆಪೋಗೆ ಜೋಡಿಸುವ ಕಡ್ಡಾಯವೂ ಇಲ್ಲ. ರೆಪೋ ಇಳಿದ ಸುದ್ದಿ ಟಿವಿಯಲ್ಲಿ ಬರುತ್ತೆ, ನಮ್ಮ ಕಂತಿನಲ್ಲಿ ಬರಬೇಕು ಅಂತ ಏನಿಲ್ಲ.

ಇನ್ನು ಕೆಲವರು 6% ಮಾತ್ರ, ಫ್ಲಾಟ್ ಅಂತಾರೆ. ಫ್ಲಾಟ್ ಅಂದರೆ ನೀವು ಅಸಲು ತೀರಿಸಿದರೂ ಮೊದಲ ದಿನದ ಅಸಲಿನ ಮೇಲೇ ಕೊನೆವರೆಗೂ ಬಡ್ಡಿ. 10 ಲಕ್ಷಕ್ಕೆ 10 ವರ್ಷ 6% ಫ್ಲಾಟ್ ಅಂದರೆ ತಿಂಗಳಿಗೆ 13,333. ಬ್ಯಾಂಕ್ ಲೆಕ್ಕದಲ್ಲಿ ಅದು 10.2%ರ ಆಸುಪಾಸು. 8.5ಕ್ಕಿಂತ 6 ಕಡಿಮೆ ಅಂತ ಸಹಿ ಹಾಕಿದವರನ್ನು ನೋಡಿದ್ದೇನೆ, ಹೊಟ್ಟೆ ಉರಿಯುತ್ತೆ.

ಪಿಜೆ ಬಡಾವಣೆ ತೆರಿಗೆ ಸಲಹೆಗಾರ

ಗೃಹಸಾಲ ಇದ್ದರೆ ಟ್ಯಾಕ್ಸ್ ಉಳಿಯುತ್ತೆ ಅಂತ ಇನ್ನೂ ಯಾರೂ ಹೇಳಿಲ್ಲ, ಒಳ್ಳೆಯದೇ ಆಯಿತು. ಅದನ್ನು ನಂಬಿ ಸಾಲ ಎಳೆಯುವವರು ಬಹಳ. ಸ್ವಂತ ವಾಸದ ಮನೆಯ ಬಡ್ಡಿಗೆ ವರ್ಷಕ್ಕೆ 2 ಲಕ್ಷದವರೆಗೆ, ಅಸಲಿಗೆ ಬೇರೆ ಉಳಿತಾಯಗಳ ಜೊತೆ ಸೇರಿ 1.5 ಲಕ್ಷದವರೆಗೆ ವಿನಾಯಿತಿ ಇರೋದು ಆದಾಯ ತೆರಿಗೆಯ ಹಳೆಯ ಪದ್ಧತಿಯಲ್ಲಿ ಮಾತ್ರ. ಹೊಸ ಪದ್ಧತಿಯಲ್ಲಿ ಸ್ವಂತ ವಾಸದ ಮನೆಗೆ ಎರಡೂ ಇಲ್ಲ. 2025-26ರಿಂದ ಹೊಸ ಪದ್ಧತಿಯಲ್ಲಿ 12 ಲಕ್ಷ ಆದಾಯದವರೆಗೆ ತೆರಿಗೆಯೇ ಬೀಳದ ಕಾರಣ ಹೆಚ್ಚಿನವರು ಅಲ್ಲಿಗೆ ಹೋಗಿದ್ದಾರೆ. ಅಂಥವರಿಗೆ ಬಡ್ಡಿ ಅಂದರೆ ಪೂರ್ತಿ ಕೈಯಿಂದ ಹೋಗುವ ದುಡ್ಡು. ಹಳೆಯ ಪದ್ಧತಿಯಲ್ಲಿ ಇದ್ದರೂ, 20% ತೆರಿಗೆ ಉಳಿಸಲು ನೂರು ರೂಪಾಯಿ ಬಡ್ಡಿ ಕೊಟ್ಟರೆ 80 ಹೋಯಿತು ಅಲ್ವಾ?

ನೋಂದಣಿ ಖರ್ಚು ಮರೆಯಬೇಡಿ. ಕರ್ನಾಟಕದಲ್ಲಿ ಮುದ್ರಾಂಕ ಶುಲ್ಕ 5%, ಅದರ ಮೇಲೆ ಸೆಸ್, ನಗರದ ಸರ್‌ಚಾರ್ಜ್ ಸೇರಿ 5.6%. ನೋಂದಣಿ ಶುಲ್ಕ 2025ರ ಆಗಸ್ಟ್ 31ರಿಂದ 1ರಿಂದ 2% ಆಗಿದೆ. ಒಟ್ಟು 7.6%. ನಿಮ್ಮ 38 ಲಕ್ಷಕ್ಕೆ 2.89 ಲಕ್ಷ. ಮನೆ ಬೆಲೆ 10 ಲಕ್ಷ ದಾಟಿದರೆ ಈ ಖರ್ಚನ್ನು ಮನೆ ಬೆಲೆಗೆ ಸೇರಿಸಿ ಸಾಲ ಲೆಕ್ಕ ಹಾಕುವ ಹಾಗಿಲ್ಲ. ಇದಕ್ಕೆ ದುಡ್ಡು ಸಾಲದೆ ಪರ್ಸನಲ್ ಲೋನ್ ತಗೊಂಡು, ಎರಡು ಕಡೆ ಕಂತು ಕಟ್ಟುವವರು ನನ್ನ ಹತ್ತಿರ ಬರುತ್ತಲೇ ಇರುತ್ತಾರೆ. ಮೊದಲೇ ತೆಗೆದಿಡಿ.

ಹರಿಹರದವಳು

ಎಲ್ಲರೂ ಸೇರಿ ಪಾಪ ಅವರನ್ನ ಹೆದರಿಸಿಬಿಟ್ಟಿರಿ ಅನಿಸುತ್ತೆ. ಇನ್ನೊಂದು ಮಗ್ಗುಲೂ ಇದೆ. 20ನೇ ವರ್ಷದಲ್ಲಿ ಕಟ್ಟುವ 26 ಸಾವಿರ ಇವತ್ತಿನ 26 ಸಾವಿರದಷ್ಟು ಭಾರ ಇರಲ್ಲ. ಸಂಬಳ ಏರಿರುತ್ತೆ, ಎಲ್ಲದರ ಬೆಲೆ ಏರಿರುತ್ತೆ. ಹಾಗಾಗಿ 62 ಲಕ್ಷ ಅನ್ನೋದನ್ನ ಇವತ್ತಿನ 62 ಲಕ್ಷ ಅಂತ ತಿಳಿದು ಗಾಬರಿ ಆಗಬೇಡಿ. ಅಷ್ಟಾದರೂ 30 ವರ್ಷದ ಲೆಕ್ಕ ನನಗೂ ಒಪ್ಪಿಗೆ ಆಗಲ್ಲ. ಮಕ್ಕಳ ಕಾಲೇಜು ಮುಗಿದು, ಅವರ ಮದುವೆಯೂ ಆಗಿ, ನೀವು ರಿಟೈರ್ ಆಗುವ ಹೊತ್ತಿಗೂ ಕಂತು ಹೋಗ್ತಾ ಇರುತ್ತೆ.

ಇದನ್ನ ಓದುತ್ತಿರುವ ಬೇರೆಯವರಿಗೂ ಒಂದು ಮಾತು. ಕುಟುಂಬದ ವರ್ಷದ ಆದಾಯ 9 ಲಕ್ಷದ ಒಳಗೆ ಇದ್ದು, ಸಾಲ 25 ಲಕ್ಷ, ಮನೆ 35 ಲಕ್ಷ ಮೀರದಿದ್ದರೆ ಪ್ರಧಾನಮಂತ್ರಿ ಆವಾಸ್ ನಗರ 2.0ರಲ್ಲಿ ಬಡ್ಡಿ ಸಬ್ಸಿಡಿ ಇದೆ. ಹೆಚ್ಚೆಂದರೆ 1.80 ಲಕ್ಷ, ಐದು ವರ್ಷದಲ್ಲಿ ಕಂತುಕಂತಾಗಿ ಬರುತ್ತೆ. ಕುಟುಂಬದ ಹೆಸರಲ್ಲಿ ದೇಶದಲ್ಲಿ ಎಲ್ಲೂ ಪಕ್ಕಾ ಮನೆ ಇರಬಾರದು. ಅರ್ಹತೆ ಇದ್ದರೆ ಕೇಳದೆ ಬಿಡಬೇಡಿ.

ನಿಟ್ಟುವಳ್ಳಿ ನಿವಾಸಿ

20 ವರ್ಷ ಅಂತ ತೀರ್ಮಾನ ಮಾಡಿದೆವು. ವಿಮೆ ಬೇರೆ ತಗೊಳ್ಳುತ್ತೇವೆ. ಕೊನೆಯದಾಗಿ ಎರಡು. ದರದಲ್ಲಿ ಚೌಕಾಸಿ ಮಾಡಬಹುದಾ? ಸಾಲ ತೀರಿದ ಮೇಲೆ ಕಾಗದ ವಾಪಸ್ ತಗೊಳ್ಳೋಕೆ ಖರ್ಚು, ಓಡಾಟ ಏನಾದರೂ ಇದೆಯಾ? ಅಪ್ಪ ಅದನ್ನೇ ಮತ್ತೆ ಮತ್ತೆ ಕೇಳುತ್ತಿದ್ದಾರೆ.

ನಿವೃತ್ತ ಬ್ಯಾಂಕ್ ನೌಕರ

ಮಾಡಬಹುದು, ಮಾಡಲೇಬೇಕು. ಸಿಬಿಲ್ ಸ್ಕೋರ್ (ಸಾಲ ಮರುಪಾವತಿಯ ಅಂಕ) ಚೆನ್ನಾಗಿದ್ದರೆ ಇನ್ನೊಂದು ಬ್ಯಾಂಕಿನ ಕಾಗದ ಕೈಯಲ್ಲಿ ಹಿಡಿದು ಕೇಳಿ. ಅರ್ಧ ಶೇಕಡಾ ಇಳಿದು 8% ಆದರೆ ಕಂತು 25,093. ನೋಡಲು ಸಾವಿರ ರೂಪಾಯಿಯೂ ಅಲ್ಲ, 20 ವರ್ಷಕ್ಕೆ 2.26 ಲಕ್ಷ. ಕೆಲವು ವರ್ಷ ಕಳೆದ ಮೇಲೆ ಮತ್ತೆ ವಿಚಾರಿಸಿ. ಹೊಸ ಗ್ರಾಹಕರಿಗೆ ಕಡಿಮೆ ದರ ಕೊಡುತ್ತಾ ಹಳಬರನ್ನು ಹಳೆಯ ದರದಲ್ಲೇ ಬಿಟ್ಟಿರೋದು ಉಂಟು. ಸಣ್ಣ ಶುಲ್ಕ ಕಟ್ಟಿದರೆ ಇಳಿಸಿ ಕೊಡುತ್ತಾರೆ. ಒಪ್ಪದಿದ್ದರೆ ಬೇರೆ ಬ್ಯಾಂಕಿಗೆ ವರ್ಗಾಯಿಸಬಹುದು. ಆದರೆ ಅಲ್ಲಿನ ಪ್ರೊಸೆಸಿಂಗ್, ಲೀಗಲ್, ಹಕ್ಕುಪತ್ರ ಅಡಮಾನದ ಖರ್ಚು ಕೂಡಿಸಿ ನೋಡಿ. ಬಾಕಿ ಕಡಿಮೆ ಇದ್ದು ಕೊನೆಯ ವರ್ಷಗಳಲ್ಲಿದ್ದರೆ ಲಾಭ ಸಿಗೋದು ಕಷ್ಟ.

ಕಾಗದದ ವಿಷಯ ಅಪ್ಪಾಜಿಗೆ ಹೀಗೆ ಹೇಳಿ. ಸಾಲ ಪೂರ್ತಿ ತೀರಿದ 30 ದಿನದೊಳಗೆ ಮೂಲ ದಾಖಲೆಗಳನ್ನು ವಾಪಸ್ ಕೊಡಬೇಕು. ಬ್ಯಾಂಕಿನ ಕಡೆಯಿಂದ ತಡವಾದರೆ ದಿನಕ್ಕೆ 5,000 ರೂಪಾಯಿ ಸಾಲಗಾರನಿಗೆ ಪರಿಹಾರ ಕೊಡಬೇಕು. 2023ರ ಡಿಸೆಂಬರ್ 1ರಿಂದ ಇದು ಜಾರಿಯಲ್ಲಿದೆ. ಈಗ ಕಾಗದ ಒಪ್ಪಿಸುವಾಗಲೇ ಯಾವ ಯಾವ ಮೂಲ ಪತ್ರ ಕೊಟ್ಟಿರಿ ಅಂತ ಸಹಿ, ಸೀಲು ಇರುವ ಪಟ್ಟಿ ಪಡೆದು ಜೋಪಾನವಾಗಿಡಿ. ಸಾಲ ತೀರಿದ ದಿನ ನೋ ಡ್ಯೂ ಪತ್ರ ತಗೊಳ್ಳಿ. ಉಪನೋಂದಣಿ ಕಚೇರಿಯಲ್ಲಿ ಅಡಮಾನ ನೋಂದಣಿ ಆಗಿದ್ದರೆ ಅದರ ಬಿಡುಗಡೆಯನ್ನೂ ನೋಂದಾಯಿಸಬೇಕು. ಅದಕ್ಕೆ ಸಣ್ಣ ಖರ್ಚು, ಒಂದು ದಿನದ ಓಡಾಟ ಇದೆ. ಇದನ್ನು ಬಿಟ್ಟರೆ ಸಾಲ ತೀರಿದರೂ ಇಸಿಯಲ್ಲಿ (ಋಣಭಾರ ಪ್ರಮಾಣಪತ್ರ) ಬ್ಯಾಂಕಿನ ಹೆಸರು ಹಾಗೇ ಉಳಿಯುತ್ತೆ, ಮುಂದೆ ಮಾರುವಾಗಲೋ ಮಕ್ಕಳಿಗೆ ಭಾಗ ಮಾಡುವಾಗಲೋ ತಕರಾರು ಬರುತ್ತೆ. ಬಿಡುಗಡೆ ಆದ ಮೇಲೆ ನೋಂದಣಿ ಇಲಾಖೆಯ ಕಾವೇರಿ ಪೋರ್ಟಲ್‌ನಲ್ಲಿ ಹೊಸ ಇಸಿ ತೆಗೆಸಿ ನೋಡಿ.